ಅರ್ಧ ಸಂಬಳದ ಕೊಟ್ರಪ್ಪ

ಕೊಟ್ರಪ್ಪನನ್ನು ಸಸ್ಪೆಂಡ್ ಮಾಡಿದ್ದು ಆಯುಧಪೂಜೆಯ ಮಾರನೇ ದಿನ. ಅದರ ಕಾರಣ ನೆನೆಸಿಕೊಂಡರೆ ಇವತ್ತಿಗೂ ನನ್ನ ಮೈ ಉರಿಯುತ್ತದೆ.

ನಾವಿಬ್ಬರೂ ಪೀಣ್ಯ ಎರಡನೇ ಹಂತದ ಒಂದು ಕಾರ್ಖಾನೆಯಲ್ಲಿ ತಗಡು ಒತ್ತುವ ಪ್ರೆಸ್ ಆಪರೇಟರ್‌ಗಳು. ಅವನು ಕೂಡ್ಲಿಗಿ ಕಡೆಯವನು, ಮಾತು ಕಮ್ಮಿ. ತೊಂಬತ್ತಾರರ ಹಬ್ಬದ ದಿನ ಮಿಷನ್ ತೊಳೆದು, ಕುಂಕುಮ ಇಟ್ಟು, ಕುಂಬಳಕಾಯಿ ಒಡೆದೆವು. ಕರ್ಪೂರ ಹಚ್ಚಿದ್ದೇ ಪರ್ಸೊನೆಲ್ ಮ್ಯಾನೇಜರ್. ಪೂಜೆಯಾದ ಮಿಷನ್ ಆ ದಿನ ಓಡಿಸುವುದಿಲ್ಲ, ಇದು ಪೀಣ್ಯದ ಬೀದಿಬದಿಯ ಪಂಕ್ಚರ್ ಅಂಗಡಿಯವನಿಗೂ ಗೊತ್ತು. ಮಧ್ಯಾಹ್ನ ಅದೇ ಮಹಾಶಯ ಬಂದು, ಅರ್ಜೆಂಟ್ ಆರ್ಡರ್ ಇದೆ, ಪ್ರೆಸ್ ಆನ್ ಮಾಡು ಅಂದ.

"ಪೂಜಿ ಮಾಡಿದ ಮಿಷನ್ ಇವತ್ತು ಓಡ್ಸಂಗಿಲ್ಲ ಸಾರ್. ನಾಳೆ ಲಗೂನ ಬಂದು ಮುಗಿಸಿಕೊಡ್ತೀನಿ," ಅಂದ ಕೊಟ್ರಪ್ಪ.

ಇಷ್ಟೇ. ಇದು ಆಜ್ಞೆ ಮೀರಿದ್ದಂತೆ, ಉಳಿದವರನ್ನು ಎತ್ತಿಕಟ್ಟಿದ್ದಂತೆ! ವಿಚಾರಣೆ ಮುಗಿಯುವ ತನಕ ಒಳಗೆ ಕಾಲಿಡಕೂಡದಂತೆ.

ಸರಿ, ಒಳಗೆ ಬರಬಾರದು. ಹೊಟ್ಟೆಗೆ? ತಪ್ಪು ಸಾಬೀತಾಗುವವರೆಗೆ ಸಸ್ಪೆಂಡಾದವನೂ ಕಾರ್ಖಾನೆಯ ನೌಕರನೇ. ಬೇರೆ ಕಡೆ ದುಡಿಯುವ ಹಾಗಿಲ್ಲ. ಅದಕ್ಕೇ ಜೀವನಾಧಾರ ಭತ್ಯೆ ಅಂತ ಮೊದಲಿಗೆ ಅರ್ಧ ಸಂಬಳವನ್ನಾದರೂ ಕೊಡಲೇಬೇಕು ಅನ್ನುತ್ತದೆ ಕಾನೂನು. ಅದು ಭಿಕ್ಷೆಯಲ್ಲ, ಹಕ್ಕು. ದಿನಾ ಗೇಟಿಗೆ ಬಂದು ಸೈನ್ ಹಾಕು ಅಂದರು. ತಿಂಗಳುಗಟ್ಟಲೆ ಹಾಕಿದ. ಭತ್ಯೆ ಕೇಳಿದಾಗಲೆಲ್ಲ ಮುಂದಿನ ವಾರ ನೋಡೋಣ ಅನ್ನೋರು. ಹಸಿದು ಸುಸ್ತಾಗಿ ತಾನಾಗಿಯೇ ರಾಜೀನಾಮೆ ಬಿಸಾಕಿ ಹೋಗಲಿ ಅನ್ನುವ ದರಿದ್ರ ಹುನ್ನಾರ ಅದು.

ಅವನ ಹೆಂಡತಿ ಮರೆವ್ವ ಲಗ್ಗೆರೆಯ ಬಾಡಿಗೆ ಕೋಣೆಯ ಮುಂದೆ ಜೋಳದ ರೊಟ್ಟಿ ಬಡಿದು ಮಾರತೊಡಗಿದಳು. ಗೇಟಿನಿಂದ ಬಂದವನು ಸುಮ್ಮನೆ ಕೂರಲಾರದೆ ಒಲೆಗೆ ಸೌದೆ ಹಾಕುವುದು, ರೊಟ್ಟಿ ತಿರುವಿಹಾಕುವುದು ಮಾಡುತ್ತಿದ್ದ. ಕಂಪನಿ ಅದರ ಫೋಟೊ ತೆಗೆಸಿತು! ಭತ್ಯೆಗೆ ಕಾಸಿಲ್ಲ, ಫೋಟೊಗ್ರಾಫರ್‌ಗೆ ಮಾತ್ರ ಧಾರಾಳ.

ಕೊನೆಗೆ ದೂರು ಕೊಟ್ಟೆವು. ಕಾರ್ಮಿಕ ಅಧಿಕಾರಿ ಎಲ್ಲರನ್ನೂ ಕರೆಸಿದರು. ಕೊಟ್ರಪ್ಪನ ಜೊತೆ ಮರೆವ್ವ ಬಂದಿದ್ದಳು, ಯೂನಿಯನ್ ಕಡೆಯಿಂದ ನಾನೂ ಹೋಗಿದ್ದೆ. ಮ್ಯಾನೇಜರ್ ಫೋಟೊ ಮೇಜಿನ ಮೇಲಿಟ್ಟು, "ನೋಡಿ ಸಾರ್, ಇವನು ಹೋಟೆಲ್ ಕೆಲಸ ಮಾಡ್ತಿದಾನೆ. ಬೇರೆ ಕಡೆ ದುಡಿಯೋನಿಗೆ ಭತ್ಯೆ ಎಲ್ಲಿಂದ ಬರುತ್ತೆ?" ಅಂದ. ನಾಚಿಕೆ ಅನ್ನುವುದು ಬೇಡವೇ!

ಅಧಿಕಾರಿ ಮರೆವ್ವನ ಕಡೆ ತಿರುಗಿದರು. "ಇವರಿಗೆ ಕೂಲಿ ಎಷ್ಟು ಕೊಡ್ತೀಯಮ್ಮ?"

"ಗಂಡಗ ಯಾರರ ಕೂಲಿ ಕೊಡ್ತಾರೇನ್ರೀ ಸಾಹೇಬ್ರ? ಮಾರಿ ಉಳಿದಿದ್ದು ಉಣ್ಣಾಕ ಹಾಕ್ತೀನಿ. ಒಬ್ಬರಿಗಾಗುವಷ್ಟ ಉಳಿದಿದ್ರ, ನಂದು ಊಟ ಆಗೇತಿ ಅಂತ ಸುಳ್ಳು ಹೇಳ್ತೀನಿ."

ಕೊಟ್ರಪ್ಪ ತಟ್ಟನೆ ಅವಳ ಕಡೆ ನೋಡಿದ. ಅವನಿಗೂ ಅದು ಆಗಲೇ ಗೊತ್ತಾಗಿದ್ದು.

ಅಧಿಕಾರಿ ಫೋಟೊವನ್ನು ಮ್ಯಾನೇಜರ್ ಕಡೆ ತಳ್ಳಿದರು. ಹೆಂಡತಿಯ ಒಲೆ ಮುಂದೆ ಕೂತಿದ್ದು ನೌಕರಿಯಲ್ಲ, ಬಾಕಿ ಭತ್ಯೆಯನ್ನೆಲ್ಲ ವಾರದೊಳಗೆ ಕೊಡಿ ಅಂದರು. ಮ್ಯಾನೇಜರ್ ಮುಖ ಹುಳ್ಳಗಾಯಿತು. ಗೆದ್ದೆವು ಅಂತ ನನಗೆ ಖುಷಿಯಾಗಬೇಕಿತ್ತು. ಆಗಲಿಲ್ಲ. ಅವನ ಕೆನ್ನೆಗೆ ಎರಡು ಬಾರಿಸಬೇಕು ಅನ್ನಿಸುತ್ತಿತ್ತು.

ಹೊರಗೆ ಬಂದ ಮೇಲೆ ಕೊಟ್ರಪ್ಪ ಹೆಂಡತಿಯನ್ನು ಕೇಳಿದ, "ಇವತ್ತು ಉಂಡೀಯೇನ?"

"ಹೂಂ, ಮುಂಜಾನೇನ ಉಂಡೀನಿ."

ಅವನು ನನ್ನ ಹತ್ತಿರ ದುಡ್ಡು ಇಸಕೊಂಡು, ಅವಳ ರಟ್ಟೆ ಹಿಡಿದು ಎದುರಿನ ಹೋಟೆಲಿಗೆ ಕರೆದುಕೊಂಡು ಹೋದ. ಒಂದು ಊಟ ತರಿಸಿ ಅವಳ ಮುಂದಿಟ್ಟ. ಅವಳು ಕೊನೆಯ ತುತ್ತು ನುಂಗುವವರೆಗೂ ಎದುರಿಗೆ ಕೂತು ನೋಡುತ್ತಲೇ ಇದ್ದ.