ಹೆಂಕ್ ತಾತ ಶಾಲು ತೆಗೆದಿಟ್ಟ ದಿನ

ಓವನ್ನಿನಿಂದ ಲವಂಗ, ಚಕ್ಕೆಯ ವಾಸನೆ ಬಂದರೆ ನನಗೆ ಅಮೆರಿಕದ ಫೇರ್‌ಫ್ಯಾಕ್ಸಿನ ನಮ್ಮ ಹಳೆಯ ಟೌನ್‌ಹೌಸಿನ ಪಕ್ಕದಲ್ಲಿದ್ದ ಹೆಂಕ್ ತಾತ ನೆನಪಾಗುತ್ತಾರೆ. ಎಂಬತ್ತೆಂಟು ವರ್ಷದ ಆ ಡಚ್ ವೃದ್ಧರು ಒಂಟಿಯಾಗಿದ್ದರು. ಅಪ್ಪ, ಅಮ್ಮ ಬೆಲ್ಟ್‌ವೇ ಹೆದ್ದಾರಿಯ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡ ಸಂಜೆಗಳಲ್ಲಿ ಹತ್ತು ವರ್ಷದ ನಾನೂ ನಮ್ಮಜ್ಜಿಯೂ ಅವರ ಅಡುಗೆಮನೆಯಲ್ಲಿ ಬಿಸಿ ಬಿಸ್ಕತ್ತು ತಿನ್ನುತ್ತ ಕೂತಿರುತ್ತಿದ್ದೆವು. ಅಜ್ಜಿಗೆ ಇಂಗ್ಲಿಷ್ ಬಾರದು, ಅವರಿಗೆ ಕನ್ನಡ ಬಾರದು. ನಡುವೆ ನಾನು ದುಭಾಷಿ. ಗೋಡೆಯ ಮೇಲಿನ ಫೋಟೊದಲ್ಲಿ ಪೋಸ್ಟ್‌ಮ್ಯಾನ್ ಟೋಪಿ ಹಾಕಿದ ಚೆಲುವ ಯುವಕನೊಬ್ಬನಿದ್ದ. ಎರಡನೆಯ ಮಹಾಯುದ್ಧದ ಕಾಲದಲ್ಲಿ ತಾತ ಮೂರು ಸಿನಿಮಾಗಳಲ್ಲಿ ನಟಿಸಿದ್ದರಂತೆ, ಅದು ಅವರದೇ ಒಂದು ಪಾತ್ರ. ಆಮೇಲೆ ಯಾಕೆ ಬಿಟ್ಟಿರಿ ಎಂದು ಕೇಳಿದರೆ ಬಿಸ್ಕತ್ತಿನ ತಟ್ಟೆಯನ್ನು ನನ್ನತ್ತ ತಳ್ಳುತ್ತಿದ್ದರು.

ಆ ವರ್ಷ ನಮ್ಮ ಕನ್ನಡ ಸಂಘದ ರಾಜ್ಯೋತ್ಸವಕ್ಕೆ ಬರಬೇಕಿದ್ದ ಅತಿಥಿ ಕೈಕೊಟ್ಟರು. ನಾನು ಆ ಫೋಟೊದ ವಿಷಯ ಹೇಳಿದ್ದೇ ತಡ, ಅಪ್ಪ ಹಣೆ ಚಚ್ಚಿಕೊಂಡರು. "ಅಂಗೈಯಲ್ಲಿ ಬೆಣ್ಣೆ ಇಟ್ಕೊಂಡು ತುಪ್ಪಕ್ಕೆ ಊರೆಲ್ಲಾ ಅಲೆದ ಹಾಗಾಯ್ತು. ಪಕ್ಕದ್ಮನೇಲೇ ಫಿಲ್ಮ್ ಆಕ್ಟರ್ ಇದ್ದಾರೆ, ಇವತ್ತೇ ಇನ್ವೈಟ್ ಮಾಡೋಣ." ತಾತ ಎರಡು ಸಲ ಬೇಡವೆಂದರು. ನಮ್ಮವರ ಕಣ್ಣಿಗೆ ಅದು ಬರೀ ಸಂಕೋಚ. ದೊಡ್ಡವರು ಮೊದಲು ಬೇಡವೆನ್ನಬೇಕು, ನಾವು ಬಿಡಬಾರದು. ಮೂರನೆಯ ಸಲ ಅವರು ಸುಮ್ಮನಾದರು. ಒಪ್ಪಿದರು ಎಂದುಕೊಂಡೆವು.

ಹೈಸ್ಕೂಲಿನ ಆಡಿಟೋರಿಯಮ್ಮಿನಲ್ಲಿ ಅಪ್ಪ ಅವರಿಗೆ ಶಾಲು ಹೊದಿಸಿದರು. ಅಭಿನಂದನಾ ಪತ್ರವನ್ನು ಎರಡೂ ಭಾಷೆಯಲ್ಲಿ ಓದುವ ಭಾಗ್ಯ ನನ್ನದು. ವಾರವಿಡೀ ಬಾಯಿಪಾಠ ಮಾಡಿದ್ದೆ. ಯುದ್ಧದಲ್ಲೂ ಯಾರಿಗೂ ತಲೆಬಾಗದೆ ಕಲೆಯನ್ನು ಉಳಿಸಿದವರು ಎಂಬ ಸಾಲನ್ನು ಇಂಗ್ಲಿಷಿನಲ್ಲಿ ಓದುತ್ತಿದ್ದಂತೆ ತಾತ ನನ್ನ ಭುಜ ಮುಟ್ಟಿ ನಿಲ್ಲಿಸಿದರು. ಶಾಲು ತೆಗೆದು ಮಡಿಸಿ ಮೇಜಿನ ಮೇಲಿಟ್ಟು ಮೈಕಿನ ಮುಂದೆ ನಿಂತರು. ತಮ್ಮ ದೇಶವನ್ನು ಹಿಡಿದಿದ್ದ ಜರ್ಮನ್ನರು ನಟರ ಮುಂದೆ ತಮ್ಮ ಕಲಾವಿದರ ಸಂಘಕ್ಕೆ ಸೇರುವ ಕಾಗದ ಇಟ್ಟರು, ಸಹಿ ಹಾಕಿದವರಿಗಷ್ಟೇ ಕೆಲಸ ಎಂದರು. ತನಗಿಂತ ಒಳ್ಳೆಯ ನಟನಾಗಿದ್ದ ಗೆಳೆಯನೊಬ್ಬ ಹಾಕಲಿಲ್ಲ. ತಾನು ಹಾಕಿದೆ, ಅವನ ಪೋಸ್ಟ್‌ಮ್ಯಾನ್ ಪಾತ್ರ ತನಗೆ ಬಂತು. ಯುದ್ಧ ಮುಗಿದ ಮೇಲೆ ತನ್ನನ್ನು ಚಿತ್ರರಂಗದಿಂದ ಹೊರಗಿಟ್ಟರು, ಅದು ಅನ್ಯಾಯವಲ್ಲ. ಇಷ್ಟೇ ಹೇಳಿದರು.

ಒಬ್ಬರೂ ಚಪ್ಪಾಳೆ ತಟ್ಟಲಿಲ್ಲ. ಮುಂದಿನ ಸಾಲಿನಲ್ಲಿದ್ದ ಅಜ್ಜಿ ನನ್ನನ್ನು ಕರೆದು, "ಏನಂತೆ ಕಣೇ?" ಎಂದರು. ಹೇಳಿದೆ. ಅಜ್ಜಿ ಮಂಡಿ ಹಿಡಿದುಕೊಂಡು ಮೆಟ್ಟಿಲು ಹತ್ತಿ ಬಂದು ಶಾಲನ್ನು ಮತ್ತೆ ತಾತನ ಹೆಗಲಿಗೆ ಹಾಕಿದರು. "ಇದು ಸನ್ಮಾನಕ್ಕಲ್ಲ ಅಂತ ಹೇಳು ಅವ್ರಿಗೆ. ಹೊರಗಡೆ ಚಳಿ ಇದೆ, ಹೊದ್ಕೊಳ್ಳಿ ಅನ್ನು."

ತಾತ ನನ್ನ ಮುಖ ನೋಡಿದರು. ನನ್ನ ಓದು ಕೆಡಿಸಿದರೆಂದು ನನಗೆ ಕೆಂಡದಂಥ ಸಿಟ್ಟು. ನಾನು ಬಾಯಿ ಬಿಡಲಿಲ್ಲ. ಮತ್ತೆ ಅದೇ ಸನ್ಮಾನವೆಂದುಕೊಂಡರೋ ಏನೋ, ಶಾಲನ್ನು ಎರಡೂ ಕೈಯಿಂದ ಅಜ್ಜಿಗೆ ಹಿಂತಿರುಗಿಸಿದರು.

ಆಮೇಲೆ ನಾನು ಅವರ ಮನೆಗೆ ಹೋಗಲಿಲ್ಲ. ಫೆಬ್ರವರಿಯಲ್ಲಿ ತಾತ ತೀರಿಕೊಂಡರು. ಈಗ ಅಜ್ಜಿಯೂ ಇಲ್ಲ, ನಾವು ಆ ಮನೆ ಬಿಟ್ಟೂ ಬಹಳ ವರ್ಷವಾಯಿತು. ಅಜ್ಜಿಯ ಆ ಚಳಿಯ ಮಾತನ್ನು ಅಂದೇ ಇಂಗ್ಲಿಷಿನಲ್ಲಿ ಹೇಳಲು ನನಗೆ ಚೆನ್ನಾಗಿ ಬರುತ್ತಿತ್ತು.