ಬೂದು ಪರದೆಯ ಮೇಲೆ ಹಸಿರು ಗುರುತು

ಹೈಸ್ಕೂಲಿನ ಕನ್ನಡ ಶಿಕ್ಷಕಿಯ ಕೆಲಸವನ್ನು ಬಿಟ್ಟ ಮೇಲೆ ನಾನು ಗದುಗಿನ ಒಂದು ಮುದ್ರಣಾಲಯಕ್ಕೆ ಕರಡು ತಿದ್ದಿಕೊಡುತ್ತಿದ್ದೆ. ಪುಟಗಳ ಕಟ್ಟು ಬಸ್ಸಿನಲ್ಲಿ ನಾನಿರುವ ಲಕ್ಷ್ಮೇಶ್ವರಕ್ಕೆ ಬರುತ್ತಿತ್ತು. ತಿದ್ದಿದ ಕಟ್ಟು ಅದೇ ಬಸ್ಸಿನಲ್ಲಿ ಮರಳುತ್ತಿತ್ತು. ಈ ವರ್ಷ ಪ್ರೆಸ್ಸಿನ ಯಜಮಾನರು ಫೋನು ಮಾಡಿದರು.

“ಅಕ್ಕೋರ, ಇನ್ನ ಕಾಗದದಾಗ ಪ್ರೂಫ್ ತೆಗ್ಯಾಂಗಿಲ್ರಿ. ಫೋನಿಗೆ ಕಳಸ್ತೇನಿ, ಅದ್ರಾಗ ತಿದ್ರಿ. ಆಗಲಿಲ್ಲಂದ್ರ ಬ್ಯಾರೆಯವರನ್ನ ನೋಡಬೇಕಾಕ್ಕೈತಿ.”

ಫೋನಿನಲ್ಲಿ ಹತ್ತು ಪುಟ ಓದುವಷ್ಟರಲ್ಲಿ ನನ್ನ ಕಣ್ಣು ಉರಿಯುತ್ತದೆ. ಆದರೂ ಆ ಕೆಲಸವನ್ನು ಬಿಟ್ಟುಕೊಡುವ ಮನಸ್ಸು ನನಗಿರಲಿಲ್ಲ.

ಕೈಯಗಲದ ಒಂದು ಇ-ರೀಡರ್ ತರಿಸಿದೆ. ಕಾಗದವನ್ನು ಹೋಲುವ ಬೂದು ಪರದೆ, ಬೇಕಾದ ಆ್ಯಪ್ ಹಾಕಿಕೊಳ್ಳುವ ಅನುಕೂಲ, ಬರೆಯಲು ಪೆನ್ನು. ಏಳು ದಿನಗಳೊಳಗೆ ಹಿಂದಿರುಗಿಸಬಹುದಿತ್ತು. ಒಂದು ನೋಟುಪುಸ್ತಕದಲ್ಲಿ ಗೆರೆ ಎಳೆದು ಪರೀಕ್ಷೆ ಆರಂಭಿಸಿದೆ. ಒತ್ತಕ್ಷರಗಳು ಸ್ಪಷ್ಟ; ಎರಡು ಒತ್ತು ಸೇರಿದಲ್ಲಿ ಮಾತ್ರ ಪುಟವನ್ನು ಹಿಗ್ಗಿಸಬೇಕು. ಶಿರಹಟ್ಟಿ ಬಸ್ಸಿನ ಕಿಟಕಿಯ ಬಿಸಿಲಿನಲ್ಲಿ ಸಲೀಸಾಗಿ ಓದಬಹುದು, ಬರೆಯಲಾಗದು. ಅದು ರಸ್ತೆಯ ದೋಷ, ಪೆನ್ನಿನದಲ್ಲ. ಪ್ರೆಸ್ಸಿನವರು ಬಳಸುವ ಆ್ಯಪ್ ನಿಧಾನವಾಗಿ ತೆರೆಯುತ್ತದೆ, ಆದರೆ ತೆರೆಯುತ್ತದೆ. ಅಂಗೈ ಊರಿದರೆ ಪುಟ ತಾನೇ ಮಗುಚುತ್ತದೆ. ಅದಕ್ಕೆ ಕರವಸ್ತ್ರವನ್ನು ಮಡಿಸಿ ಕೈಯ ಕೆಳಗೆ ಇಟ್ಟುಕೊಂಡೆ.

ಐದನೆಯ ದಿನ ನಿಜವಾದ ಕೆಲಸ ಬಂತು. ಹೊಂಬಳದ ಹಿರಿಯ ರೈತರೊಬ್ಬರು ಜೋಳದ ಬೀಜ ಮತ್ತು ಬಿತ್ತನೆಯ ಕುರಿತು ಬರೆದ ಪುಸ್ತಕದ ಮೊದಲ ಅಧ್ಯಾಯ, ನಲವತ್ತೆರಡು ಪುಟ. ನಮ್ಮ ಪದ್ಧತಿ ಹಳೆಯದು: ಅಕ್ಷರ ಜೋಡಿಸುವಾಗ ಆದ ತಪ್ಪಿಗೆ ಕೆಂಪು ಗುರುತು, ಲೇಖಕರನ್ನೇ ಕೇಳಬೇಕಾದ ಸಂದೇಹಕ್ಕೆ ಹಸಿರು. ಕೆಂಪನ್ನು ಪ್ರೆಸ್ಸಿನಲ್ಲಿ ಸರಿಪಡಿಸುತ್ತಾರೆ. ಹಸಿರು ಬಿದ್ದ ಪುಟ ಲೇಖಕರಿಗೆ ಹೋಗುತ್ತದೆ. ಸಂಜೆಯೊಳಗೆ ತಿದ್ದಿ ಕಳುಹಿಸಿದೆ.

ಮರುದಿನ ಬೆಳಿಗ್ಗೆ ಲೇಖಕರ ಫೋನು.

“ನಮಸ್ಕಾರ್ರಿ ಅಕ್ಕೋರ. ನಾ ಬರದದ್ರಾಗ ಒಂದರ ಸಾಲು ಪಾಸಾಗೇತೇನ್ರಿ?”

“ಯಾಕ್ರಿ, ಏನಾತು?”

“ಪುಟಾ ಪುಟಾ ಹಸರ ಆಗ್ಯಾವ್ರಿ. ಈ ಸಲ ನನ್ನ ಹೊಲಾನೂ ಇಷ್ಟ ಹಸರ ಆಗಿಲ್ಲ. ಹಿಂಗ ತಪ್ಪ ಬರದಾಂವಗ ಪುಸ್ತಕ ಯಾಕ ಬೇಕ್ರಿ? ಪ್ರೆಸ್ಸಿನವ್ರಿಗೆ ಬ್ಯಾಡ ಅಂದುಬಿಡ್ತೇನಿ.”

ಆಗ ತಿಳಿಯಿತು. ಮೊದಲ ಸಂದೇಹಕ್ಕೆ ಆ್ಯಪಿನಲ್ಲಿ ಹಸಿರನ್ನು ಆರಿಸಿದವಳು ಮತ್ತೆ ಕೆಂಪಿಗೆ ಮರಳಿರಲೇ ಇಲ್ಲ. ನನ್ನ ಪರದೆಯಲ್ಲಿ ಎರಡೂ ಒಂದೇ ಬೂದು. ಅವರ ಫೋನಿನಲ್ಲಿ ಎಲ್ಲವೂ ಹಸಿರು. ಪ್ರೆಸ್ಸಿನ ತಪ್ಪುಗಳನ್ನೆಲ್ಲ ಒಬ್ಬ ಸಜ್ಜನರ ತಲೆಗೆ ಕಟ್ಟಿದ್ದೆ.

“ತಪ್ಪು ನನ್ನದ್ರಿ, ನಿಮ್ಮದಲ್ಲ. ನಾಳಿ ಮುಂಜಾನಿತನಕ ಏನೂ ಹೇಳಬ್ಯಾಡ್ರಿ.”

“ಸಾಲಿ ಕಲಿಸಿದ ಅಕ್ಕೋರೂ ತಪ್ಪ ಮಾಡ್ತಾರೇನ್ರಿ?” ಎಂದು ನಕ್ಕರು. “ಆತ್ರಿ, ನಾಳಿತನಕ ಸುಮ್ನ ಕುಂಡ್ರತೇನಿ.”

ಪ್ರೆಸ್ಸಿಗೂ ಫೋನು ಮಾಡಿ ಆದದ್ದನ್ನು ಹೇಳಿದೆ. ಯಜಮಾನರು ನಗಲಿಲ್ಲ. “ಅಕ್ಕೋರ, ಆ ಡಬ್ಬಿ ವಾಪಸ್ ಕಳಸ್ರಿ. ನಿಮಗದು ಒಗ್ಗಂಗಿಲ್ಲ.”

“ಒಗ್ಗಸ್ತೇನ್ರಿ,” ಎಂದೆ.

ಕಣ್ಣಿಗೆ ಕಾಣದ ಬಣ್ಣವನ್ನು ನಂಬಬಾರದು, ಆಕಾರವನ್ನು ನಂಬಬಹುದು. ಪ್ರೆಸ್ಸಿನ ತಪ್ಪಿಗೆ ಅಂಚಿನಲ್ಲಿ ವೃತ್ತ, ಲೇಖಕರ ಸಂದೇಹಕ್ಕೆ ಚೌಕ ಎಂದು ನಿಶ್ಚಯಿಸಿದೆ. ಹಳೆಯ ಗುರುತುಗಳನ್ನು ಅಳಿಸಿ, ಮೂಲಪ್ರತಿಯನ್ನು ಪಕ್ಕದಲ್ಲಿಟ್ಟುಕೊಂಡು ಮೊದಲ ಸಾಲಿನಿಂದ ಮತ್ತೆ ಓದಿದೆ. ನಲವತ್ತೆರಡು ಪುಟಗಳಲ್ಲಿ ಉಳಿದ ಚೌಕಗಳು ಐದೇ. ಯಾವ ಗುರುತಿಗೆ ಏನರ್ಥ ಎಂದು ಮೊದಲ ಪುಟದಲ್ಲೇ ಬರೆದು ಪ್ರೆಸ್ಸಿಗೂ ಲೇಖಕರಿಗೂ ಕಳುಹಿಸಿದೆ. ನೋಟುಪುಸ್ತಕದಲ್ಲಿ ‘ಪೆನ್ನಿನ ಬಣ್ಣ’ ಎಂಬ ಸಾಲಿನ ಮುಂದೆ ‘ಅನುತ್ತೀರ್ಣ’ ಎಂದು ಬರೆದು, ಕೆಳಗೆ ನನ್ನ ಸಹಿಯನ್ನೂ ಹಾಕಿದೆ.

ಏಳನೆಯ ದಿನ ಲೇಖಕರು ಉತ್ತರಿಸಿದರು. “ನಾಲ್ಕು ಚೌಕಕ್ಕ ನೀವು ಹೇಳಿದ್ದ ಖರೆ ಅಕ್ಕೋರ. ಐದನೇದನ್ನ ಮಾತ್ರ ಮುಟ್ಟಬ್ಯಾಡ್ರಿ. ಆ ಬೀಜಕ್ಕ ನಮ್ಮ ಊರಾಗ ಹಂಗ ಅಂತಾರ.”

“ಮುಟ್ಟಂಗಿಲ್ರಿ.”

ಮಧ್ಯಾಹ್ನ ಯಜಮಾನರಿಂದ ಎರಡನೆಯ ಅಧ್ಯಾಯ ಬಂತು; ಜೊತೆಗೆ ಒಂದೇ ಸಾಲು: “ಗೋಲ, ಚೌಕ ತಿಳೀತ್ರಿ.” ಹಿಂದಿರುಗಿಸುವ ಗಡುವು ಮುಗಿಯುವ ಹೊತ್ತಿಗೆ ನಾನು ಅದರ ಮೂರನೆಯ ಪುಟದಲ್ಲಿದ್ದೆ, ಕೈಯ ಕೆಳಗೆ ಕರವಸ್ತ್ರ.