ಅಕ್ಕನ ದಿಂಬಿನಡಿಯ ಬೆಣಚುಕಲ್ಲು

ಹೆಪ್ಪು ಹಾಕಿದ ಹಾಲು ಮೊಸರಾಗದಿದ್ದರೆ ನಮ್ಮ ಕಡೆ ಮನೆಯಾಕೆಯ ಕೈಗುಣವನ್ನು ಆಡಿಕೊಳ್ಳುತ್ತಾರೆ. ನನ್ನ ಅಕ್ಕನನ್ನು ನಾನೇ ಆಡಿಕೊಂಡಿದ್ದೆ. ಹೊಸದುರ್ಗದಿಂದ ಬಸ್ಸು ಹತ್ತಿ ಮತ್ತೋಡಿನ ಅವಳ ಮನೆಗೆ ಹೋಗುತ್ತಿದ್ದುದೇ ಗಟ್ಟಿ ಮೊಸರಿನ ಆಸೆಗೆ. ಆ ಸಲ ರಾತ್ರಿ ಹೆಪ್ಪು ಹಾಕಿದ್ದು ಮಾರನೇ ದಿನ ಊಟದ ಹೊತ್ತಿಗೂ ಬರೀ ಹಾಲಾಗಿಯೇ ಇತ್ತು.

"ವಯಸ್ಸಾತು ಕಣಕ್ಕ ನಿಂಗೆ. ಹೆಪ್ಪು ಹಾಕೋದೇ ಮರ್ತಿದ್ದೀಯ," ಎಂದೆ.

"ಮರ್ತಿಲ್ಲ ಕಣೇ. ಆ ಗೂಡಲ್ಲಿಟ್ರೆ ಹಿಂಗೇ. ಒಲೆ ಕಡೆ ಇಟ್ರೆ ಆಗ್ತೈತೆ," ಎಂದಳು.

ಗೋಡೆಯ ಆ ಗೂಡಿನಲ್ಲಿ ಒಂದು ಬೆಣಚುಕಲ್ಲಿತ್ತು. ಹೆಬ್ಬೆರಳಿನ ಗಾತ್ರ, ಆರು ಮೂಲೆ, ಗಾಜಿನಷ್ಟು ತಿಳಿ. ಶೇಂಗಾ ಕೀಳುವಾಗ ಹೊಲದಲ್ಲಿ ಸಿಕ್ಕಿತೆಂದು ಅಕ್ಕ ತಂದಿಟ್ಟಿದ್ದಳು. ಆ ಸೀಮೆಯಲ್ಲಿ ಬೆಣಚುಕಲ್ಲಿಗೇನೂ ಬರವಿಲ್ಲ. ಹಿಂದೆ ಬಳೆ ಮಾಡುವವರು ಅದನ್ನೇ ಕುಟ್ಟಿ ಕರಗಿಸುತ್ತಿದ್ದರಂತೆ. ಇದೊಂದು ಅವರ ಕಣ್ಣು ತಪ್ಪಿಸಿ ಉಳಿದಿರಬೇಕು. ಅದರ ಪಕ್ಕ ಇಟ್ಟ ಮಲ್ಲಿಗೆ ಮುಂದಿನ ಸಂತೆಯವರೆಗೂ ಮೊಗ್ಗಾಗಿಯೇ ಇರುತ್ತಿತ್ತು. ನಾವಿಬ್ಬರೂ ಹೆದರಲಿಲ್ಲ. ಕರೆಂಟು ಬಂದಷ್ಟೇ ಬೇಗ ಹೋಗುವ ಊರಿನಲ್ಲಿ ಬಿಟ್ಟಿ ಫ್ರಿಜ್ಜು ಸಿಕ್ಕಿತೆಂದು ನಕ್ಕೆವು.

ಆಮೇಲೆ ಅಕ್ಕನ ಹೊಟ್ಟೆಯಲ್ಲಿ ಗಡ್ಡೆ ಬಂತು. ಚಿತ್ರದುರ್ಗದ ಆಸ್ಪತ್ರೆಯವರು ಮನೆಗೆ ಕರೆದುಕೊಂಡು ಹೋಗಿ ಎಂದರು, ಒಂದು ವಾರ ಕಳೆದರೆ ಹೆಚ್ಚು ಎಂದರು. ನನಗೆ ಮೈಯೆಲ್ಲ ಉರಿಯಿತು. ಅಮ್ಮ ಹೋದ ಮೇಲೆ ನನ್ನ ಹೇನು ತೆಗೆದು, ಜಡೆ ಹಾಕಿ, ಬೈದು ಬೆಳೆಸಿದವಳು ಅವಳು. ಒಂದು ವಾರ ಎಂದು ಹೇಳುವುದಕ್ಕೆ ಇವರು ಯಾರು? ಆ ಸಂಜೆ ನೋವಿನ ಗುಳಿಗೆ ನುಂಗಿಸಿ, ಅವಳು ಕಣ್ಣು ಮುಚ್ಚಿದ ಮೇಲೆ, ಗೂಡಿನ ಕಲ್ಲನ್ನು ತಂದು ದಿಂಬಿನಡಿ ಇಟ್ಟೆ. ಯಾರನ್ನೂ ಕೇಳಲಿಲ್ಲ.

ವಾರ ಕಳೆಯಿತು, ನಾನು ಅಲ್ಲೇ ಉಳಿದೆ. ಭಾವ ಶೇಂಗಾ ಬಿತ್ತಿದರು, ಅದು ಮೊಳೆಯಿತು, ಹೂವೂ ಬಿಟ್ಟಿತು. ಅಕ್ಕ ಮಲಗಿದಂತೆಯೇ ಇದ್ದಳು. ಹಣೆಯ ಕುಂಕುಮ ಮಾಸಲಿಲ್ಲ, ಉಗುರು ಬೆಳೆಯಲಿಲ್ಲ. ಹೊಸ್ತಿಲಲ್ಲಿ ನಿಂತು ನೋಡಿದರೆ ಅವಳ ಎದೆ ಒಮ್ಮೆ ಏರಿ ಇಳಿಯುವಷ್ಟರಲ್ಲಿ ನನ್ನ ಕಾಲು ಜೋಮು ಹಿಡಿಯುತ್ತಿತ್ತು. ಬೆಕ್ಕು ಆ ಕೋಣೆಗೆ ಕಾಲಿಡುತ್ತಿರಲಿಲ್ಲ. ಭಾವನೂ ಬಾಗಿಲಲ್ಲೇ ನಿಂತು ಹೋಗುತ್ತಿದ್ದರು. ನನಗೆ ಮಾತ್ರ ಸಂತೋಷ. ಸಾವಿಗೆ ಚಳ್ಳೆಹಣ್ಣು ತಿನ್ನಿಸಿದೆ ಎಂದುಕೊಂಡಿದ್ದೆ.

ಒಂದು ಬೆಳಗ್ಗೆ ಹಾಲು ಕರೆದು ಬರುವ ಹೊತ್ತಿಗೆ ಅಕ್ಕನ ಬಾಯಿ ತೆರೆದಿತ್ತು. ಒಳಗಿಂದ ಬೀಸುವ ಕಲ್ಲಿನ ಗುರುಗುಡುವಿಕೆಯಂಥ ಒಂದು ಸದ್ದು ಬರುತ್ತಿತ್ತು, ನಿಲ್ಲುತ್ತಲೇ ಇರಲಿಲ್ಲ. ನರಳಾಟ ಎಂದುಕೊಂಡೆ. ಮಧ್ಯಾಹ್ನಕ್ಕೆ ತುಟಿಯ ಆಕಾರ ಬದಲಾಗಿತ್ತು, ಸದ್ದೂ ಬದಲಾಗಿತ್ತು. ಆಗ ತಿಳಿಯಿತು, ಅವಳು ಮಾತಾಡುತ್ತಿದ್ದಳು. ಪಕ್ಕ ಕೂತು ಅವಳ ತುಟಿಯನ್ನೇ ನೋಡಿದೆ. ದನ ಮನೆಗೆ ಬರುವ ಹೊತ್ತಿಗೆ ಮಾತು ಮುಗಿಯಿತು.

"ಗುಳಿಗೆ ಇನ್ನೂ ಹಿಡೀಲಿಲ್ಲ, ನೋವೈತೆ."

ಆ ಗುಳಿಗೆ ನಾನು ಕೊಟ್ಟದ್ದು ಶೇಂಗಾ ಬಿತ್ತುವುದಕ್ಕೂ ಮುಂಚೆ. ಕಲ್ಲನ್ನು ಕಿತ್ತು ಅಂಗಳಕ್ಕೆ ಎಸೆದೆ. ಅಕ್ಕ ಉದ್ದಕ್ಕೆ ಉಸಿರು ಬಿಟ್ಟಳು. ಸ್ವಲ್ಪ ಹೊತ್ತಿಗೆ ಗುಳಿಗೆ ಹಿಡಿದು ಹುಬ್ಬಿನ ಗಂಟು ಸಡಿಲವಾಯಿತು. ದೀಪ ಹಚ್ಚುವಾಗ ಕಣ್ಣು ಬಿಟ್ಟು ನನ್ನ ಕಡೆ ತಿರುಗಿದಳು.

"ನಿಂಗೇನೂ ಗೊತ್ತಾಗ್ತಿರಲಿಲ್ಲ ಅಲ್ವಾ ಅಕ್ಕ?" ಎಂದು ಕೇಳಿದೆ.

"ಎಲ್ಲಾ ಗೊತ್ತಾಗ್ತಿತ್ತು. ನೀನು ಬರೋದು, ಹೋಗೋದು, ಬೆಳಕಾಗೋದು, ಕತ್ಲಾಗೋದು. ಮೈ ಒಂದೇ ನಿಂತಿದ್ದು ಕಣೇ, ನಾನು ನಿಂತಿರಲಿಲ್ಲ."

ನಾನು ಅವಳ ಕಾಲು ಹಿಡಿದುಕೊಂಡು ಅತ್ತೆ. ಅವಳು ಬೈಯಲಿಲ್ಲ, ಅದರಿಂದಲೇ ನನಗೆ ಹೆಚ್ಚು ನೋವಾಯಿತು. "ಆ ಕಲ್ನ ನನ್ ಜತೇಲೇ ಗುಣಿಗೆ ಹಾಕ್ಬಿಡು. ನಿನ್ನ ನಾ ಬಲ್ಲೆ. ನಾಳೆ ನಿನ್ ಗಂಡ ಮಲಗಿದ್ರೆ ಅವ್ನ ತಲೆ ಕೆಳಗೂ ಇಡ್ತೀಯ," ಎಂದಳು. ಕೋಳಿ ಕೂಗುವ ಹೊತ್ತಿಗೆ ನನ್ನ ತೊಡೆಯ ಮೇಲೆ ಅವಳ ಉಸಿರು ನಿಂತಿತು.

ನಮ್ಮಲ್ಲಿ ಹೊಲದಲ್ಲೇ ಹೂಳುವುದು ರೂಢಿ. ಎಲ್ಲರೂ ಒಂದೊಂದು ಹಿಡಿ ಮಣ್ಣು ಹಾಕುವಾಗ ನನ್ನ ಹಿಡಿಯಲ್ಲಿ ಅಂಗಳದಿಂದ ಹೆಕ್ಕಿ ತಂದ ಕಲ್ಲೂ ಇತ್ತು. ಹೇಳಿದಂತೆ ಮಾಡಿದೆ.

ಮೂರನೇ ದಿನ ಹಾಲು ತುಪ್ಪ ಬಿಡಲು ಹೊಲಕ್ಕೆ ಹೋದೆವು. ಬಿಸಿಲೆಂದರೆ ಬಿಸಿಲು, ಬದುವಿನ ಹುಲ್ಲೆಲ್ಲ ಒಣಗಿತ್ತು. ಗುಡ್ಡೆಯ ಮೇಲೆ ಹಾಕಿದ್ದ ಸೇವಂತಿಗೆ ಹಾರ ಮಾತ್ರ ಆಗಷ್ಟೇ ಕಟ್ಟಿದಂತಿತ್ತು. ಅಂದು ಚಿಮುಕಿಸಿದ್ದ ನೀರಿನ ಹನಿ ಕೂಡ ಎಸಳಿನ ಮೇಲೆ ಹಾಗೇ ನಿಂತಿತ್ತು.

"ಮುತ್ತೈದೆ ಸಾವು. ಪುಣ್ಯವಂತೆ," ಎಂದು ಬಂದ ಹೆಂಗಸರು ಕೈಮುಗಿದರು. ನಾನು ಬಗ್ಗಿ ಗುಡ್ಡೆಯ ಮಣ್ಣಿಗೆ ಕೈಯಿಟ್ಟೆ. ಮೈ ನಿಂತರೂ ತಾನು ನಿಂತಿರಲಿಲ್ಲ ಎಂದಿದ್ದಳಲ್ಲ. ಮಣ್ಣಡಿಯಲ್ಲೂ ಹಾಗೇ ಇದ್ದರೆ?

ಭಾವನ ಹತ್ತಿರ ಎಲ್ಲ ಹೇಳಿ, ಮಣ್ಣು ತೆಗೆದು ಕಲ್ಲು ಹುಡುಕೋಣ ಎಂದು ಅಂಗಲಾಚಿದೆ. ಅವರು ಬಹಳ ಹೊತ್ತು ಹಾರವನ್ನೇ ನೋಡಿದರು. "ಹೂತೋರನ್ನ ಎಬ್ಬಿಸ್ತಾರೇನವ್ವಾ? ಬ್ಯಾಡ. ಮನೀಗೆ ಹೋಗಾಣ," ಎಂದರು.

ಈಗಲೂ ಹೊಸದುರ್ಗದಿಂದ ಬೆಳಗಿನ ಬಸ್ಸಿಗೆ ಹೋಗುತ್ತೇನೆ. ಹೂವು ಬಾಡದಿರಲಿ ಎಂದು ದೇವರಿಗೆ ಕೈಮುಗಿಯುವವರೇ ಎಲ್ಲ, ಬಾಡಲಿ ಎಂದು ಹರಕೆ ಹೊತ್ತವಳು ನಾನೊಬ್ಬಳು. ಹಾರ ಮುಟ್ಟಿ ನೋಡುತ್ತೇನೆ, ತಣ್ಣಗಿರುತ್ತದೆ. "ಅಕ್ಕ, ನೋವೈತಾ?" ಎಂದು ಕೇಳಿ, ಮಣ್ಣಿಗೆ ಕಿವಿಯಿಟ್ಟು, ದನ ಮನೆಗೆ ಬರುವವರೆಗೂ ಅಲ್ಲೇ ಇರುತ್ತೇನೆ. ಅವಳ ಒಂದು ಮಾತಿಗೆ ಅಷ್ಟು ಹೊತ್ತು ಬೇಕು.